ಮನೆ ಖಾಲಿ ಮಾಡಿಸಿದರೆ ಕಾಯಿಲೆ ಹೋಗುವುದಿಲ್ಲ

ಸಂಪಾದಕರಿಗೆ ನಮಸ್ಕಾರ.

ಮನೆ ತುಂಬ ಸಾಮಾನು ಪೇರಿಸಿಕೊಂಡು ಬದುಕುವವರ ಸುದ್ದಿ ಆಗಾಗ ಪತ್ರಿಕೆಗಳಲ್ಲಿ ಬರುತ್ತದೆ. ಜೊತೆಗೆ ಬಾಗಿಲಲ್ಲಿ ನಿಂತು ತೆಗೆದ ಫೋಟೊ. ಲಾರಿಗಟ್ಟಲೆ ಕಸ ಸಾಗಿಸಿದರು, ಅಕ್ಕಪಕ್ಕದವರಿಗೆ ನೆಮ್ಮದಿಯಾಯಿತು ಅನ್ನುವಲ್ಲಿಗೆ ಸುದ್ದಿ ಮುಗಿಯುತ್ತದೆ. ಆಮೇಲೆ ಆ ಮನೆಯವರ ಪಾಡು ಏನಾಯಿತು ಅಂತ ಯಾರೂ ಬರೆಯುವುದಿಲ್ಲ. ನನಗದು ಗೊತ್ತು. ನನ್ನ ಅಕ್ಕನಿಗೆ ಇದೇ ಕಾಯಿಲೆ.

ಅಕ್ಕ ನಿವೃತ್ತ ಶಿಕ್ಷಕಿ, ಒಬ್ಬಳೇ ಇರುತ್ತಾಳೆ. ಹಳೆ ಪೇಪರಿನ ಕಟ್ಟುಗಳು ಅರ್ಧ ಕಿಟಕಿಯನ್ನು ಮುಚ್ಚಿವೆ. ಮಂಚದ ತುಂಬ ಬಟ್ಟೆ ಗಂಟುಗಳು, ಅವಳು ನಿದ್ದೆ ಮಾಡುವುದು ಕುರ್ಚಿಯಲ್ಲಿ. ಬಚ್ಚಲ ಬಾಗಿಲು ಪೂರ್ತಿ ತೆರೆಯುವುದಿಲ್ಲ, ಓರೆಯಾಗಿ ನುಸುಳಬೇಕು. ನೆಂಟರು ಇದಕ್ಕೆ ಸೋಮಾರಿತನ ಅನ್ನುತ್ತಾರೆ. ಅವಳ ಪಕ್ಕ ಕೂತು ಒಂದೇ ಒಂದು ಡಬ್ಬ ಬಿಚ್ಚಿ ನೋಡಿದರೆ ಹಾಗೆ ಅನ್ನುತ್ತಿರಲಿಲ್ಲ.

ಒಮ್ಮೆ ಹೀಗೆ ಬಿಚ್ಚಿದಾಗ ಕೊಡೆಯ ಹಿಡಿಯೊಂದು ಸಿಕ್ಕಿತು. ಬಟ್ಟೆ ಇಲ್ಲ, ಕಡ್ಡಿ ಇಲ್ಲ, ಬರೀ ಹಿಡಿ. ಅದನ್ನು ತಿರುಗಿಸಿ ತಿರುಗಿಸಿ ನೋಡಿದಳು. ರಿಪೇರಿ ಮಾಡಿಸಬಹುದು ಅಂದಳು. ಯಾರಿಗಾದರೂ ಬೇಕಾದೀತು ಅಂದಳು. ಬುಟ್ಟಿಯವರೆಗೂ ಕೈ ಹೋಯಿತು, ಹಿಂದೆ ಬಂತು. ಹಣೆ ಬೆವರಿತ್ತು. "ಎಸೆದರೆ ಏನೋ ತಪ್ಪು ಮಾಡಿದ ಹಾಗೆ ಅನ್ನಿಸುತ್ತೆ ಕಣೇ" ಅಂದಳು. ಆ ಹಿಡಿ ಮತ್ತೆ ಡಬ್ಬ ಸೇರಿತು. ಸೋಮಾರಿಗಳು ಇಷ್ಟೊಂದು ಕಷ್ಟಪಡುತ್ತಾರಾ?

2012ರಲ್ಲಿ ಪ್ರಕಟವಾದ ಒಂದು ಅಧ್ಯಯನದಲ್ಲಿ, ಇಂಥವರಿಗೆ ಅವರದೇ ಕಾಗದಪತ್ರ ತೋರಿಸಿ, ಇಟ್ಟುಕೊಳ್ಳುತ್ತೀರಾ ಎಸೆಯುತ್ತೀರಾ ಅಂತ ಕೇಳುತ್ತಾ ಮಿದುಳಿನ ಸ್ಕ್ಯಾನ್ ಮಾಡಿದ್ದರು. ತಮ್ಮ ಕಾಗದದ ವಿಷಯ ಬಂದಾಗ ಮಿದುಳಿನ ಕೆಲವು ಭಾಗಗಳು ವಿಪರೀತ ಚುರುಕಾಗುತ್ತಿದ್ದವು. ಬೇರೆಯವರ ಕಾಗದಕ್ಕೆ ಹಾಗಾಗುತ್ತಿರಲಿಲ್ಲ. ಮೊದಲೆಲ್ಲ ಇದನ್ನು ಗೀಳು ರೋಗದ ಒಂದು ಲಕ್ಷಣ ಅಂತಲೇ ನೋಡುತ್ತಿದ್ದರು. 2013ರಲ್ಲಿ ಅಮೆರಿಕದ ಮನೋವೈದ್ಯರ ಕೈಪಿಡಿ 'ಹೋರ್ಡಿಂಗ್ ಡಿಸಾರ್ಡರ್' ಎಂಬ ಪ್ರತ್ಯೇಕ ಕಾಯಿಲೆಯಾಗಿ ಪಟ್ಟಿಗೆ ಸೇರಿಸಿತು. ವಿಶ್ವ ಆರೋಗ್ಯ ಸಂಸ್ಥೆಯ ಪಟ್ಟಿಯಲ್ಲೂ ಈಗ ಇದೆ. ನೂರರಲ್ಲಿ ಎರಡು ಮೂರು ಜನರಿಗೆ ಇರುತ್ತದೆ ಅನ್ನುತ್ತಾರೆ. ಸಾಮಾನ್ಯವಾಗಿ ಹದಿಹರೆಯದಲ್ಲೇ ಶುರುವಾಗಿ ವಯಸ್ಸಾದಂತೆ ಜಾಸ್ತಿಯಾಗುತ್ತದೆ. ಅಂದರೆ ಹೊರಗಿನವರ ಕಣ್ಣಿಗೆ ಬೀಳುವ ಹೊತ್ತಿಗೆ ಎಷ್ಟೋ ವರ್ಷ ಕಳೆದುಹೋಗಿರುತ್ತದೆ.

ಅಕ್ಕಪಕ್ಕದವರ ಭಯ ಸುಳ್ಳಲ್ಲ. ಇಲಿ, ಜಿರಳೆ, ವಾಸನೆ ಗೋಡೆ ದಾಟಿ ಬರುತ್ತವೆ. ಬೆಂಕಿ ಅದಕ್ಕಿಂತ ದೊಡ್ಡ ಅಪಾಯ. ಆಸ್ಟ್ರೇಲಿಯದ ಮೆಲ್ಬರ್ನ್‌ನಲ್ಲಿ ಹತ್ತು ವರ್ಷದ ಲೆಕ್ಕ ತೆಗೆದಾಗ, ಮನೆಗಳಿಗೆ ಬಿದ್ದ ಬೆಂಕಿಯಲ್ಲಿ ಇಂಥ ಮನೆಗಳ ಪಾಲು ಶೇ 0.25 ಮಾತ್ರ ಇತ್ತು. ಆದರೆ ತಪ್ಪಿಸಬಹುದಾಗಿದ್ದ ಬೆಂಕಿ ಸಾವುಗಳಲ್ಲಿ ಶೇ 24 ಇಂಥ ಮನೆಗಳಲ್ಲೇ ಆಗಿದ್ದವು. ಒಳಗಿದ್ದವರಿಗೆ ಹೊರಗೆ ಬರಲು ದಾರಿ ಇರುವುದಿಲ್ಲ, ಬೆಂಕಿ ಆರಿಸುವವರಿಗೆ ಒಳಗೆ ಹೋಗಲು ದಾರಿ ಇರುವುದಿಲ್ಲ.

ಹಾಗಂತ ಲಾರಿ ತಂದು ನಿಲ್ಲಿಸಿದರೆ ಆಯಿತಾ? ಅಕ್ಕ ಕಣ್ಣಿನ ಆಪರೇಷನ್‌ಗೆ ಹೋಗಿದ್ದಾಗ ನಾನು ಬೇಡ ಬೇಡ ಅಂದರೂ ನೆಂಟರು ಸೇರಿ ಮನೆ ಖಾಲಿ ಮಾಡಿಸಿದರು. ಒಳ್ಳೆಯದಾಗಲಿ ಅಂತಲೇ ಮಾಡಿದ್ದು. ರದ್ದಿಯ ಜೊತೆ ಭಾವನ ಹಳೆಯ ಪತ್ರಗಳೂ ಹೋದವು. ವಾಪಸ್ ಬಂದ ಅಕ್ಕ ಕೂಗಾಡಲಿಲ್ಲ. ಅವತ್ತಿನಿಂದ ಯಾರನ್ನೂ ಒಳಗೆ ಬಿಡಲಿಲ್ಲ. ನಲ್ಲಿ ಸೋರಿದರೂ ರಿಪೇರಿಯವರನ್ನು ಕರೆಯಲಿಲ್ಲ, ಜ್ವರ ಬಂದರೂ ಹೇಳಲಿಲ್ಲ. ಮನೆ ಮಾತ್ರ ಮತ್ತೆ ತುಂಬಿತು, ಮೊದಲಿಗಿಂತ ಜಾಸ್ತಿಯೇ.

ಈಗ ಒಬ್ಬ ಆಪ್ತಸಮಾಲೋಚಕಿ ಮನೆಗೇ ಬರುತ್ತಿದ್ದಾರೆ. ಮೊದಲು ಒಲೆಯ ಸುತ್ತಲಿನ ಜಾಗ, ಆಮೇಲೆ ಬಾಗಿಲಿನ ದಾರಿ. ಒಂದೊಂದು ವಸ್ತುವನ್ನೂ ಅಕ್ಕನೇ ಎತ್ತಬೇಕು, ಅಕ್ಕನೇ ತೀರ್ಮಾನಿಸಬೇಕು. ಬೇರೆಯವರು ಮುಟ್ಟುವ ಹಾಗಿಲ್ಲ. ಹೊಸದನ್ನು ಮನೆಗೆ ತರದೆ ಇರುವುದನ್ನೂ ಅಭ್ಯಾಸ ಮಾಡಿಸುತ್ತಾರೆ. ತುಂಬಾ ನಿಧಾನ, ನಿಜ. ಆದರೆ ಖಾಲಿಯಾದ ಜಾಗ ಬಹುಮಟ್ಟಿಗೆ ಖಾಲಿಯಾಗೇ ಉಳಿದಿದೆ.

ಅಕ್ಕಪಕ್ಕದವರು ದೂರು ಕೊಡುವುದಾದರೆ ಕೊಡಲಿ. ಬಾಗಿಲು ಕಟ್ಟಿಹೋಗಿದೆ, ಒಲೆ ಪಕ್ಕ ಕಾಗದದ ರಾಶಿ ಇದೆ ಅಂತ ಅಪಾಯ ಏನೋ ಅದನ್ನೇ ಬರೆಯಲಿ. ನೋಟಿಸ್ ಕೊಡುವ ಅಧಿಕಾರಿಗಳು ಲಾರಿಗಿಂತ ಮೊದಲು ಒಬ್ಬ ಮನೋಆರೋಗ್ಯ ಕಾರ್ಯಕರ್ತರನ್ನು ಕಳಿಸಲಿ, ಕಾಲಾವಕಾಶ ಕೊಡಲಿ. ನೀವು ಇಂಥ ಸುದ್ದಿ ಹಾಕುವಾಗ ದಯವಿಟ್ಟು ಮನೆಯೊಳಗಿನ ಫೋಟೊ ಬಿಡಿ. ಆ ಜಾಗದಲ್ಲಿ ಇದು ಕಾಯಿಲೆ, ಇದಕ್ಕೆ ಚಿಕಿತ್ಸೆ ಇದೆ ಅಂತ ನಾಲ್ಕು ಸಾಲು ಹಾಕಿ.

ಅಕ್ಕನ ಮರ್ಯಾದೆಯ ವಿಷಯ, ಹಾಗಾಗಿ ನನ್ನ ಹೆಸರು ಪ್ರಕಟಿಸಬೇಡಿ.

ಇತಿ,
ನಿಮ್ಮ ಓದುಗಿ