ಕೋಳಿ ಹಿಡಿದು ಮಗನನ್ನು ಹುಡುಕಿದ ತಾಯಿ

ಅಲ್ಜಿಯರ್ಸ್

ಅಮ್ಮನಿಗೆ ನಮಸ್ಕಾರಗಳು.

ನಾನು ಕ್ಷೇಮ. ಊಟಕ್ಕೇನೂ ತೊಂದರೆಯಿಲ್ಲ. ಶುಕ್ರವಾರ ಇಲ್ಲಿ ಎಲ್ಲರ ಮನೆಯಲ್ಲೂ ಕುಸ್ಕುಸ್ ಅನ್ನೋ ಗೋಧಿರವೆಯ ಅಡುಗೆ, ಪಕ್ಕದವರು ನನಗೂ ಒಂದು ತಟ್ಟೆ ಕಳಿಸುತ್ತಾರೆ. ಅಣ್ಣನ ಸೈಟಿನ ವಿಚಾರ ಫೋನಿನಲ್ಲೇ ಮಾತಾಡೋಣ. ಈ ಕಾಗದ ನಿನಗೂ ಅತ್ತೆಗೂ ಇಲ್ಲಿನ, ಅಂದರೆ ಅಲ್ಜೀರಿಯದ, ಒಬ್ಬ ನಟಿಯ ವಿಷಯ ಹೇಳಬೇಕು ಅಂತ.

ಹೆಸರು ಕೆಲ್ತೂಮ್. 2010ರಲ್ಲಿ ತೀರಿಕೊಂಡರು. ಇಲ್ಲಿನ ವಯಸ್ಸಾದವರ ಮುಂದೆ ಆ ಹೆಸರು ಎತ್ತಿದರೆ ಸಾಕು, ಕೈಯಲ್ಲಿದ್ದ ಕೆಲಸ ಬಿಟ್ಟು ಮಾತಿಗೆ ಕೂರುತ್ತಾರೆ. ನಮ್ಮ ಆಫೀಸಿನ ಲೆಕ್ಕದವರೊಬ್ಬರು ಹಾಗೆ ಕೂತವರೇ 1966ರ 'ಔರೆಸ್ ಗಾಳಿ' ಅನ್ನೋ ಕಪ್ಪು ಬಿಳುಪು ಸಿನಿಮಾ ತೋರಿಸಿದರು. ಔರೆಸ್ ಅಂದರೆ ಇಲ್ಲಿನ ಒಂದು ಬೆಟ್ಟಸೀಮೆ. ನಿರ್ದೇಶಕ ಮೊಹಮ್ಮದ್ ಲಖ್ದರ್ ಹಮೀನಾ.

ಸ್ವಾತಂತ್ರ್ಯಕ್ಕಾಗಿ ಇಲ್ಲಿನವರು ಫ್ರೆಂಚರ ವಿರುದ್ಧ ಯುದ್ಧ ಮಾಡುತ್ತಿದ್ದ ಕಾಲದ ಕಥೆ. ಕೆಲ್ತೂಮ್ ಅವರದ್ದು ಒಬ್ಬ ತಾಯಿಯ ಪಾತ್ರ. ಅವಳ ಗಂಡ ಬಾಂಬಿಗೆ ಬಲಿಯಾಗುತ್ತಾನೆ. ಹೋರಾಟಗಾರರಿಗೆ ಗುಟ್ಟಾಗಿ ನೆರವಾಗುತ್ತಿದ್ದ ಮಗನನ್ನು ಸೈನಿಕರು ಎಳೆದುಕೊಂಡು ಹೋಗುತ್ತಾರೆ. ತಾಯಿ ಒಂದು ಕೋಳಿ ಹಿಡಿದುಕೊಂಡು ಶಿಬಿರದಿಂದ ಶಿಬಿರಕ್ಕೆ ಅಲೆಯುತ್ತಾಳೆ. ಮಗನ ಸುದ್ದಿ ಹೇಳಿದವರಿಗೆ ಕೊಡಲು ಅವಳ ಹತ್ತಿರ ಇರುವುದು ಅದೊಂದೇ. ಗೇಟಿನಲ್ಲಿ ನಿಂತ ಸಿಪಾಯಿಯ ಭಾಷೆ ಅವಳಿಗೆ ಬಾರದು, ಅವಳದ್ದು ಅವನಿಗೆ ಬಾರದು. ಕೊನೆಗೆ ಮಗ ಮುಳ್ಳುತಂತಿಯ ಆಚೆ ಕಾಣಿಸುತ್ತಾನೆ. ಆಮೇಲೆ ಅವಳು ಅಲ್ಲಿಂದ ಏಳುವುದೇ ಇಲ್ಲ, ಬೇಲಿ ಕಾಯುತ್ತಾಳೆ. ಒಂದು ದಿನ ಆಚೆ ಕಡೆ ಮಗ ಇರುವುದಿಲ್ಲ. ತಂತಿಯಲ್ಲಿ ಕರೆಂಟು ಇರುತ್ತದೆ. ಮುಂದಿನದನ್ನು ನಾನು ಬರೆಯುವುದಿಲ್ಲ.

ಮರುವರ್ಷ ಫ್ರಾನ್ಸಿನ ಕಾನ್ ಚಿತ್ರೋತ್ಸವದಲ್ಲಿ ಇದಕ್ಕೆ ಅತ್ಯುತ್ತಮ ಮೊದಲ ಚಿತ್ರದ ಪ್ರಶಸ್ತಿ ಬಂತು. ನಿರ್ದೇಶಕನದೇನೋ ಮೊದಲ ಚಿತ್ರ, ಸರಿ. ಆದರೆ ಆ ಹೊತ್ತಿಗೆ ಕೆಲ್ತೂಮ್‌ಗೆ ಐವತ್ತು ದಾಟಿತ್ತು! ರಂಗದ ಮೇಲೆ ಮೂವತ್ತು ವರ್ಷ ಸವೆಸಿದ್ದರು. ಹುಟ್ಟಿದ್ದು 1916ರಲ್ಲಿ, ಬ್ಲಿದಾ ಊರಿನಲ್ಲಿ, ನಿಜವಾದ ಹೆಸರು ಆಯಿಷಾ. 1935ರಲ್ಲಿ ಗಾಯಕ ಮಹಿಯುದ್ದೀನ್ ಬಶ್ತಾರ್ಜಿ ಅವರು ತಮ್ಮ ನಾಟಕ ಮಂಡಳಿಗೆ ಸೇರಿಸಿಕೊಂಡರು. ಹೆಣ್ಣುಮಕ್ಕಳು ಬಣ್ಣ ಹಚ್ಚಿದರೆ ಊರೇ ಆಡಿಕೊಳ್ಳುತ್ತಿದ್ದ ಕಾಲ. ಅತ್ತೆಗೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ, ಕಂಪನಿ ನಾಟಕದ ನಟಿಯರ ಪಾಡು ಅವರಿಗೆ ಗೊತ್ತು. ಮಂಡಳಿ ಆಡುತ್ತಿದ್ದದ್ದು ಜನರ ಆಡುಮಾತಿನ ಅರಬ್ಬಿಯಲ್ಲಿ, ಹಾಡು ನಗೆ ಎಲ್ಲ ಸೇರಿಸಿ. ಫ್ರೆಂಚ್ ಸರ್ಕಾರದ ಕಣ್ಣು ಯಾವಾಗಲೂ ಅವರ ಮೇಲಿತ್ತು.

ಅಲ್ಜಿಯರ್ಸ್‌ನ ಒಪೆರಾ ಕಟ್ಟಡದ ಮುಂದೆ ನಾನು ಆಗಾಗ ಹಾದುಹೋಗುತ್ತೇನೆ. 1853ರಲ್ಲಿ ಫ್ರೆಂಚರು ತಮಗಾಗಿ ಕಟ್ಟಿಸಿಕೊಂಡದ್ದು. 1947ರಲ್ಲಿ ಅಲ್ಲೇ ಅರಬ್ಬಿ ನಾಟಕಗಳಿಗೂ ಜಾಗ ಸಿಕ್ಕಿತು, ಕೆಲ್ತೂಮ್ ಆ ತಂಡದಲ್ಲಿದ್ದರು. ಸ್ವಾತಂತ್ರ್ಯ ಬಂದ ಮೇಲೆ ಅದು ರಾಷ್ಟ್ರೀಯ ರಂಗಮಂದಿರವಾಯಿತು. ಈಗ ಅದಕ್ಕೆ ಬಶ್ತಾರ್ಜಿಯವರ ಹೆಸರು. ಈಕೆಯ ಹೆಸರನ್ನೂ ಜೊತೆಗೆ ಇಡಬಹುದಿತ್ತು ಅಂತ ನನಗನ್ನಿಸುತ್ತೆ.

ನಾಟಕದವರು ಕ್ಯಾಮೆರಾ ಮುಂದೆ ಬಂದರೆ ದನಿ ಏರಿಸುತ್ತಾರೆ, ಕೈ ಬೀಸುತ್ತಾರೆ. ಈಕೆ ಅದೆಲ್ಲವನ್ನೂ ರಂಗದ ಮೇಲೇ ಬಿಟ್ಟು ಬಂದಿದ್ದಾರೆ. ನಡಿಗೆ ಒಂದನ್ನು ಮಾತ್ರ ತಂದಿದ್ದಾರೆ. ಆ ಬೋಳುಗುಡ್ಡದಲ್ಲಿ ಎಷ್ಟು ದೂರದಿಂದ ತೋರಿಸಿದರೂ ನಡೆಯುತ್ತಿರುವುದು ಅವರೇ ಅಂತ ಗೊತ್ತಾಗುತ್ತದೆ. ಮುಂದೆ ಹಾಸ್ಯಚಿತ್ರದಲ್ಲೂ ಮಾಡಿದರು, ಆದರೂ ಜನ ನೆನೆಯುವುದು ಈ ತಾಯಿಯನ್ನೇ.

ಪುಟ್ಟನಿಗೆ ಹೇಳಿ ಟೀವಿಗೆ ಹಾಕಿಸಿಕೊಂಡು ನೋಡು. ಮಾತು ಅರ್ಥವಾಗದಿದ್ದರೂ ನಡೆಯುತ್ತೆ. ಹಗಲು ಹೊತ್ತು, ಅತ್ತೆ ಜೊತೆಗಿದ್ದಾಗ ನೋಡು. ನೋಡಿದ ಮೇಲೆ ಅತ್ತೆ ಏನಂದರು ಅಂತ ಬರಿ.

ಇಂತಿ ನಿನ್ನ ಮಗ