ಮಹಾರಾಜನಿಗೆ ದ್ವಾರಪಾಲಕನ ಪತ್ರ

ಲೋ ಮಹಾರಾಜ,

ಉಪ್ಪಿಟ್ಟಿನ ಸುದ್ದಿ ಎತ್ತುವುದಿಲ್ಲ, ಹೆದರಬೇಡ. ನಾಲ್ಕು ಜನ ಓದುವ ಜಾಗ ಇದು.

ಹೋದ ವಾರ ಅಕ್ಕನ ಮಗನಿಗೆ ಜ್ವರ ಬಂದಿತ್ತು. ಪಕ್ಕದಲ್ಲಿ ಕೂತು ಮೊಬೈಲ್‌ನಲ್ಲಿ ಚಾಪ್ಲಿನ್‌ನ ‘ಈಸಿ ಸ್ಟ್ರೀಟ್’ ಹಾಕಿದೆ. 1917ರ ಮೂಕಿಚಿತ್ರ. ಅದರಲ್ಲಿ ಗೂಳಿಯಂಥ ಒಬ್ಬ ರೌಡಿ. ಗ್ಯಾಸಿನಿಂದ ಉರಿಯುವ ಬೀದಿದೀಪದ ಕಂಬವನ್ನೇ ಹಿಡಿದು ಬಗ್ಗಿಸುತ್ತಾನೆ. ಚಾಪ್ಲಿನ್ ಅವನ ಬೆನ್ನಿಗೆ ಹಾರಿ, ಅದೇ ದೀಪದ ಗೂಡಿಗೆ ಅವನ ತಲೆ ತುರುಕಿ ಗ್ಯಾಸ್ ಬಿಡುತ್ತಾನೆ. ಹುಡುಗ ಅದನ್ನೇ ಮತ್ತೆ ಮತ್ತೆ ಹಾಕಿಸಿದ. ಐದನೇ ಸಲಕ್ಕೆ ನಾನು ಚಾಪ್ಲಿನ್‌ನನ್ನು ಬಿಟ್ಟು ದಪ್ಪನೆಯವನನ್ನೇ ನೋಡತೊಡಗಿದೆ. ತಲೆ ಗೂಡಿನೊಳಗಿದೆ, ಮುಖಕ್ಕೆ ಕೆಲಸವಿಲ್ಲ. ಅಷ್ಟು ದೊಡ್ಡ ಮೈ ಸ್ವಲ್ಪ ಸ್ವಲ್ಪವೇ ಕುಸಿಯುತ್ತದೆ. ಅವನು ಹದವಾಗಿ ಬೀಳದಿದ್ದರೆ ಚಾಪ್ಲಿನ್ ಗೆಲ್ಲುವುದೇ ಇಲ್ಲ ಕಣೋ.

ಹೆಸರು ಎರಿಕ್ ಕ್ಯಾಂಪ್‌ಬೆಲ್. ಇಂಗ್ಲೆಂಡಿನವನು. ಚಾಪ್ಲಿನ್ ಥರಾನೇ ಫ್ರೆಡ್ ಕಾರ್ನೊ ನಾಟಕ ಕಂಪನಿಯಲ್ಲಿ ಪಳಗಿದವನು. 1916–17ರಲ್ಲಿ ಮ್ಯೂಚುವಲ್ ಕಂಪನಿಗೆ ಚಾಪ್ಲಿನ್ ಮಾಡಿದ 12 ಚಿತ್ರಗಳಲ್ಲಿ 11ರಲ್ಲಿ ಇವನಿದ್ದಾನೆ. ಹುಬ್ಬು ಮೇಲಕ್ಕೆ ತೀಡಿಕೊಂಡು ಬಂದು ನಿಂತರೆ ಸಾಕು, ಮುಂದಿನ ಹತ್ತು ನಿಮಿಷ ಏನಾಗಬಹುದು ಅಂತ ಗೊತ್ತಾಗಿಬಿಡುತ್ತದೆ. ‘ದಿ ಇಮಿಗ್ರಂಟ್’ ಚಿತ್ರದ ವೇಟರ್ ಪಾತ್ರಕ್ಕೆ ಮೊದಲು ಹೆನ್ರಿ ಬರ್ಗ್‌ಮನ್ ಇದ್ದ. ಚಿತ್ರೀಕರಣ ಶುರುವಾದ ಮೇಲೆ ಚಾಪ್ಲಿನ್ ಅವನನ್ನು ತೆಗೆದು ಇವನನ್ನು ಹಾಕಿದ. ಜೇಬಿನಲ್ಲಿ ಕಾಸಿಲ್ಲದವನ ಹೊಟ್ಟೆಯಲ್ಲಿ ನಡುಕ ಹುಟ್ಟಬೇಕಾದರೆ ಬಿಲ್ ಕೇಳುವವನು ಬೆಟ್ಟದಷ್ಟಿರಬೇಕು, ಅಲ್ವಾ?

ಅದೇ 1917ರಲ್ಲಿ ಅವನ ಹೆಂಡತಿ ಹೃದಯಾಘಾತದಿಂದ ತೀರಿಕೊಂಡಳು. ಸೂತಕದ ಬಟ್ಟೆ ತರಲು ಹೋದ ಮಗಳಿಗೆ ಕಾರು ಗುದ್ದಿತು. ಡಿಸೆಂಬರಿನಲ್ಲಿ ಲಾಸ್ ಏಂಜಲೀಸ್‌ನಲ್ಲಿ ಕುಡಿದು ಕಾರು ಓಡಿಸಿ ಇವನೂ ಸತ್ತ. 37 ವರ್ಷ. ಬೂದಿಯನ್ನು ಕೇಳುವವರೇ ಇರಲಿಲ್ಲ. ಅದು ಮಣ್ಣು ಸೇರಿದ್ದು 1952ರಲ್ಲಿ.

ಇಲ್ಲಿಗೆ ನಿಲ್ಲಿಸಿ ‘ಪೋಷಕ ನಟರಿಗೊಂದು ನಮನ’ ಅಂತ ಹಾಕಿದ್ದರೆ ಒಂದಷ್ಟು ಲೈಕ್ ಬರುತ್ತಿತ್ತು. ಆದರೆ ಅವನು ಬೀಳುವುದನ್ನು ನೋಡುವಾಗ ನನಗೆ ನೆನಪಾಗಿದ್ದು ಶಿವಮೊಗ್ಗದಲ್ಲಿ ನಾವು ನಾಟಕ ಆಡಿದ ಆ ರಾತ್ರಿ. ನೀನು ರಾಜ, ನಾನು ದ್ವಾರಪಾಲಕ. ನನಗಿದ್ದದ್ದು ಒಂದೇ ಮಾತು: “ಪ್ರಭು, ದೂತ ಬಂದಿದ್ದಾನೆ.” ಒಳಗೆ ಬಂದೆ, ಈಟಿ ಹಿಡಿದು ನಿಂತೆ. ಹೇಳಲಿಲ್ಲ.

ಮರೆತಿರಲಿಲ್ಲ ಕಣೋ. ಮನಸ್ಸಿನಲ್ಲೇ ಎಂಟರವರೆಗೆ ಎಣಿಸಿದೆ. ಪೋಸ್ಟರಿನಲ್ಲಿ ನಿನ್ನೊಬ್ಬನದೇ ಫೋಟೋ ಇತ್ತು ನೋಡು, ಅಷ್ಟೇ ಕಾರಣ. ನಿನ್ನದೇ ಯಾವುದೋ ಮಾತು ಬಿಟ್ಟುಹೋಯಿತು ಅಂತ ನಿನಗೆ ಅನಿಸಿತು. ಕಿರೀಟ ಮುಟ್ಟಿಕೊಂಡೆ. ವಿಂಗ್ ಕಡೆ ನೋಡಿದೆ. ಹಿಂದಿನ ಸಾಲಿನಿಂದ ಯಾರೋ ಸೀಟಿ ಹೊಡೆದರು. ಆಗ ನಾನು ನನ್ನ ಮಾತು ಹೇಳಿದೆ, ಬಹಳ ಚೆನ್ನಾಗಿ ಹೇಳಿದೆ.

ಆಮೇಲೆ ಕ್ಯಾಂಟೀನಿನಲ್ಲಿ ನೀನು “ನಾನೇ ಬ್ಲ್ಯಾಂಕ್ ಆಗಿಬಿಟ್ಟೆ ಕಣೋ, ನೀನು ಕಾಪಾಡಿದೆ” ಅಂದೆ. ನಂಗೆ ಬನ್ ಕೊಡಿಸಿದೆ. ನಾನು ತಿಂದೆ. ನೀನು ಮತ್ತೆ ಬಣ್ಣ ಹಚ್ಚಲಿಲ್ಲ. ಕೆಲಸದ ಗಡಿಬಿಡಿ ಅಂತ ನೀನು ಎಲ್ಲರಿಗೂ ಹೇಳುತ್ತೀಯ. ನಾನೂ ಅದನ್ನೇ ಹೇಳುತ್ತಾ ಬಂದಿದ್ದೇನೆ.

ಇಷ್ಟೆಲ್ಲ ಬರೆಯಬೇಕು ಅಂತ ಕೂತಿರಲಿಲ್ಲ. ಸುಮ್ನೆ ಒಬ್ಬ ದಪ್ಪ ನಟನ ಬಗ್ಗೆ ಬರೆಯೋಣ ಅಂದುಕೊಂಡಿದ್ದೆ. ಈಗ ನಾನೂ ಅವನ ಸೈಜಿಗೇ ಬಂದಿದ್ದೇನೆ ಅಂತ ಅಕ್ಕ ಹೇಳುತ್ತಾಳೆ, ಅದರ ಪ್ರಭಾವ ಇರಬೇಕು. ಹುಬ್ಬೊಂದು ಬಾಕಿ.

ಬೈಯುವುದಾದರೆ ಫೋನ್ ಮಾಡು, ಕೆಳಗೆ ಕಾಮೆಂಟ್ ಹಾಕಬೇಡ. ನಮ್ಮತ್ತೆ ಎಲ್ಲವನ್ನೂ ಓದುತ್ತಾರೆ. ಬನ್ನಿನ ದುಡ್ಡು ಬೇಕಿದ್ದರೆ ಬಡ್ಡಿ ಸಮೇತ ಕೊಡುತ್ತೇನೆ, ಉಪ್ಪಿಟ್ಟಿನ ಬಾಕಿ ಕಳೆದು.

ಇತಿ,
ನಿನ್ನ ದ್ವಾರಪಾಲಕ