ಗುಣದಾಳದ ಸ್ವರಾಜ್ಯವೂ ನಮ್ಮದೇ ಚರಿತ್ರೆ

ಮಾನ್ಯ ಸಂಪಾದಕರೆ,

ಸಂಸ್ಥಾನಗಳ ಕಾಲದ ಬಗ್ಗೆ ಏನೇ ಬರೆದರೂ ನಮ್ಮಲ್ಲಿ ಮೈಸೂರು, ಹೈದರಾಬಾದಿನ ಮಾತೇ ಜಾಸ್ತಿ. ಸಣ್ಣ ಸಂಸ್ಥಾನಗಳ ಹೆಸರು ಬಂದರೂ ಅರಮನೆ, ಬೇಟೆ, ಮುಧೋಳದ ನಾಯಿ, ಅಷ್ಟಕ್ಕೇ ಮುಗಿಯುತ್ತದೆ. ವಿಜಯಪುರ ಜಿಲ್ಲೆಯ ಗುಣದಾಳ ಔಂಧ್ ಸಂಸ್ಥಾನಕ್ಕೆ ಸೇರಿತ್ತು, ದೇಶಕ್ಕೆ ಸ್ವಾತಂತ್ರ್ಯ ಬರುವ ಎಂಟು ವರ್ಷ ಮೊದಲೇ ಅಲ್ಲಿ ಜನರ ಆಡಳಿತ ಶುರುವಾಗಿತ್ತು ಎಂಬುದು ನಮ್ಮ ಜಿಲ್ಲೆಯವರಿಗೇ ಗೊತ್ತಿಲ್ಲ.

ಪುಣೆಯ ಔಂಧ್ ಬೇರೆ. ಇದು ಸಾತಾರಾ ಜಿಲ್ಲೆಯದು, ‘ಪಂತ ಪ್ರತಿನಿಧಿ’ ಎಂಬ ಬಿರುದಿನ ರಾಜಮನೆತನದ ಊರು. ಸಂಸ್ಥಾನದ ವಿಸ್ತಾರ ಸುಮಾರು 500 ಚದರ ಮೈಲಿ, ಅದೂ ಒಂದೇ ಕಡೆ ಇರಲಿಲ್ಲ. ಔಂಧ್, ಆಟಪಾಡಿ, ಕುಂಡಲ್ ಎಂದು ಚದುರಿದ ತುಂಡುಗಳು, ಅವುಗಳ ಜೊತೆಗೆ ದೂರದಲ್ಲಿ ನಮ್ಮ ಗುಣದಾಳ. ಗಾದಿಯ ಮೇಲೆ ಯಾರು ಕೂರಬೇಕೆಂದು ಹೇಳುವವರು ಬ್ರಿಟಿಷರು. 1909ರಲ್ಲಿ ಇದ್ದ ರಾಜರನ್ನು ಇಳಿಸಿ ಭವಾನರಾವ್ ಅವರನ್ನು ಕೂರಿಸಿದ್ದೂ ಅವರೇ.

ಬ್ರಿಟಿಷರು ಕೂರಿಸಿದ ಆ ರಾಜರೇ 1938ರ ಕೊನೆಗೆ ಅಧಿಕಾರವನ್ನು ಜನರಿಗೆ ಬಿಟ್ಟುಕೊಡುತ್ತೇನೆ ಎಂದು ಸಾರಿದರು. ಮಗ ಅಪ್ಪಾ ಪಂತ್ ಮತ್ತು ಮಾರಿಸ್ ಫ್ರೀಡ್‌ಮನ್ ಗಾಂಧೀಜಿಯವರ ಸಲಹೆ ಪಡೆದು ಸಂವಿಧಾನ ಸಿದ್ಧಪಡಿಸಿದರು. ಫ್ರೀಡ್‌ಮನ್ ಪೋಲೆಂಡಿನ ಎಂಜಿನಿಯರ್, ಬೆಂಗಳೂರಿನ ಸರ್ಕಾರಿ ವಿದ್ಯುತ್ ಕಾರ್ಖಾನೆ ನೋಡಿಕೊಳ್ಳುತ್ತಿದ್ದವರು. 1939ರ ಜನವರಿಯಲ್ಲಿ ಸಂವಿಧಾನ ಜಾರಿಗೆ ಬಂತು. ಅದರ ಬೇರು ಇದ್ದದ್ದು ಹಳ್ಳಿಯಲ್ಲಿ. ಊರಿನವರು ಪಂಚರನ್ನು ಆರಿಸಬೇಕು. ಪಂಚಾಯಿತಿಗಳ ಅಧ್ಯಕ್ಷರು ಸೇರಿ ತಾಲ್ಲೂಕು ಸಮಿತಿ. ಅಲ್ಲಿಂದ ಶಾಸನಸಭೆಗೆ ಪ್ರತಿನಿಧಿಗಳು. ರಾಜರ ಸ್ವಂತ ಖರ್ಚಿಗೂ ಮಿತಿ ಹಾಕಲಾಯಿತು. ನ್ಯಾಯ ಕೂಡ ಊರಿಗೇ ಬಂತು. ಜಗಳದ ಬುಡ ಗೊತ್ತಿದ್ದ ಅಕ್ಕಪಕ್ಕದವರ ಎದುರಿಗೇ ವಿಚಾರಣೆ ನಡೆದರೆ ಸುಳ್ಳು ಹೇಳುವುದು ಅಷ್ಟು ಸುಲಭ ಅಲ್ಲ, ಅಲ್ವಾ?

ಆಟಪಾಡಿ ಹತ್ತಿರ ಸ್ವತಂತ್ರಪುರ ಎಂಬ ಬಯಲು ಜೈಲನ್ನೂ ತೆರೆದರು. ಗೋಡೆ ಇಲ್ಲ. ದೊಡ್ಡ ಅಪರಾಧ ಮಾಡಿದವರೂ ಅಲ್ಲಿ ಹೊಲ ಉತ್ತು, ಹೆಂಡತಿ ಮಕ್ಕಳ ಜೊತೆ ಬಾಳಬಹುದಿತ್ತು. ಆ ಕಾಲಕ್ಕೆ, ಅದೂ ಮಳೆ ಕಮ್ಮಿ ಇರುವ ಆ ಬಡ ಸೀಮೆಯಲ್ಲಿ, ಇದು ಎಂಥ ಧೈರ್ಯದ ಕೆಲಸ!

ಅದೇ 1939ರ ಏಪ್ರಿಲ್‌ನಲ್ಲಿ ನಮ್ಮ ರಾಮದುರ್ಗ ಸಂಸ್ಥಾನದಲ್ಲಿ ಏನಾಯಿತು? ತೆರಿಗೆ ಇಳಿಸಿ, ಆಡಳಿತದಲ್ಲಿ ಪಾಲು ಕೊಡಿ ಎಂದು ಕೇಳಿದ ಪ್ರಜಾಸಂಘದ ಮುಂದಾಳುಗಳನ್ನು ಜೈಲಿಗೆ ಹಾಕಿದರು. ಜನ ರೊಚ್ಚಿಗೆದ್ದರು. ಪೊಲೀಸರು ಸತ್ತರು, ಆಮೇಲೆ ಹೋರಾಟಗಾರರಿಗೆ ಗಲ್ಲಾಯಿತು. ಎರಡೂ ಕಡೆ ಮೇಲಿದ್ದದ್ದು ಅದೇ ಬ್ರಿಟಿಷ್ ಸರ್ಕಾರ. ‘ರಾಜರು ಏನು ಮಾಡಲಿಕ್ಕಾಗುತ್ತಿತ್ತು, ಬ್ರಿಟಿಷರು ಬಿಡಬೇಕಲ್ಲ’ ಎಂದು ಈಗಲೂ ಸಮರ್ಥನೆ ಕೊಡುವವರಿದ್ದಾರೆ. ಅವರು ಈ ಎರಡು ಊರನ್ನು ಪಕ್ಕಪಕ್ಕ ಇಟ್ಟು ನೋಡಲಿ. ಔಂಧ್‌ನಲ್ಲಿ ಎಲ್ಲವೂ ಸರಿಯಿತ್ತು ಎಂದು ನಾನು ಹೇಳುತ್ತಿಲ್ಲ. ಕೊಟ್ಟವರು ರಾಜರೇ, ಬೇಕೆಂದರೆ ತಡೆಯುವ ಶಕ್ತಿಯೂ ಅವರಿಗಿತ್ತು. ಆದರೂ ಕೊಟ್ಟರು. 1948ರ ಮಾರ್ಚ್‌ನಲ್ಲಿ ಸಂಸ್ಥಾನ ಮುಂಬೈ ಪ್ರಾಂತ್ಯದಲ್ಲಿ ವಿಲೀನವಾಗುವವರೆಗೂ ಈ ವ್ಯವಸ್ಥೆ ನಡೆಯಿತು.

ಮರಾಠಿಯಲ್ಲಿ ಈ ಪ್ರಯೋಗದ ಬಗ್ಗೆ ಬರೆದಿದ್ದಾರೆ. ನಮ್ಮಲ್ಲಿ ಗುಣದಾಳದ ಕಡೆಯಿಂದ ನೋಡಿ ಬರೆದದ್ದು ನನ್ನ ಕಣ್ಣಿಗೆ ಬಿದ್ದಿಲ್ಲ. ಮರಾಠಿ ದರ್ಬಾರಿನಲ್ಲಿ ಕನ್ನಡದ ರೈತರು ಹೇಗೆ ಮಾತಾಡಿದರು, ಪಂಚರಾಗಿ ಯಾರು ಆರಿಸಿ ಬಂದರು, ಹೆಣ್ಣುಮಕ್ಕಳು ಮತ್ತು ದಲಿತರಿಗೆ ಅದರಲ್ಲಿ ಎಷ್ಟು ಜಾಗ ಸಿಕ್ಕಿತು? ಇವನ್ನು ಕೇಳಲೇಬೇಕು. ಆ ಪಂಚಾಯಿತಿ ಕಂಡವರು ಉಳಿದಿದ್ದರೆ ಈಗ ತೊಂಬತ್ತರ ಆಸುಪಾಸಿನಲ್ಲಿರುತ್ತಾರೆ. ಹಳೆಯ ಮರಾಠಿ ಕಾಗದಪತ್ರಗಳ ಮೋಡಿ ಲಿಪಿ ಓದಬಲ್ಲವರೂ ಕಮ್ಮಿಯಾಗುತ್ತಿದ್ದಾರೆ. ನಮ್ಮ ಭಾಗದ ಕಾಲೇಜುಗಳ ಇತಿಹಾಸ ವಿಭಾಗಗಳು ಈ ವರ್ಷವೇ ವಿದ್ಯಾರ್ಥಿಗಳನ್ನು ಗುಣದಾಳಕ್ಕೆ ಕಳಿಸಲಿ. ಹಿರಿಯರ ಮಾತು ಧ್ವನಿಮುದ್ರಿಸಲಿ, ಮನೆಗಳ ಅಟ್ಟದ ಮೇಲಿನ ಕಾಗದಪತ್ರಗಳ ಫೋಟೊ ತೆಗೆದಿಡಲಿ. ಜಿಲ್ಲಾಡಳಿತ ಇದಕ್ಕೆ ಸ್ವಲ್ಪ ಹಣ ಕೊಟ್ಟರೆ ಸಾಕು.

ಇತಿ,
ಒಬ್ಬ ಓದುಗ, ವಿಜಯಪುರ